ಗ್ರೀಸ್, ತುರ್ಕಿ ಮತ್ತು ಒನ್ ಬೈ ಟೂ ಚಹಾ

ಭಂಕೂರಿನ ಕಲ್ಲು ಪಾಲಿಶ್ ಘಟಕವೊಂದರಲ್ಲಿ ಒಂದು ಕಪ್ ಚಹಾವನ್ನು ಗ್ರೀಸ್ ಮತ್ತು ತುರ್ಕಿಯ ನಡುವೆ ಹಂಚಲಾಯಿತು. ಸಾವುನೋವಿನ ವರದಿಯಿಲ್ಲ. ನಾನು ಅಲ್ಲಿ ದುಭಾಷಿಯಾಗಿದ್ದೆ.

ಕಲ್ಲು ಕೊಳ್ಳಲು ಬಂದವನು ಗ್ರೀಕ್. ಕೆಟ್ಟ ಯಂತ್ರದ ರಿಪೇರಿಗೆ ಬಂದವನು ತುರ್ಕಿಯವನು. ಇಬ್ಬರೂ ಒಂದೇ ದಿನ ಬಂದದ್ದು ಮಾಲೀಕ ಶರಣಪ್ಪನವರ ಗ್ರಹಚಾರ. ನೂರು ವರ್ಷದ ಹಿಂದೆ ಈ ದೇಶಗಳು ಯುದ್ಧ ಮಾಡಿ, ಧರ್ಮ ನೋಡಿ ಜನರನ್ನೇ ಅದಲುಬದಲು ಮಾಡಿಕೊಂಡವು, ಆಮೇಲೆ ಇವರ ಜಗಳದಲ್ಲಿ ಸೈಪ್ರಸ್ ದ್ವೀಪ ಎರಡು ಭಾಗವಾಯಿತು ಎಂದು ಹೇಳಿ ನಾನೇ ಶರಣಪ್ಪನವರನ್ನು ಹೆದರಿಸಿದ್ದೆ.

“ಇಬ್ಬರಾಗ ಒಬ್ಬ ಎದ್ದು ಹೋದ್ರ ಆರ್ಡರ್ ಹೋಗ್ತದ, ಇಲ್ಲಾ ಮಷೀನ್ ಹಾಂಗೇ ಕುಂದರ್ತದ. ನೀವು ನಡುವ ಕುಂದ್ರಿ ಸರ್,” ಎಂದರು. ಕುಳಿತೆ.

ಆಗ ಚಹಾ ಮಾಡುವ ಮೆಹಬೂಬ್ ಚಾಚಾ ಬಂದು, “ಹಾಲು ಖಲಾಸ್ ಆಗ್ಯಾವ. ಉಳಿದದ್ದು ಒಂದೇ ಕಪ್. ಒನ್ ಬೈ ಟೂ ಕುಡೀಲಿ,” ಎಂದು ಇಬ್ಬರ ಮುಂದೆಯೇ ಎರಡು ಗ್ಲಾಸಿಗೆ ಸುರಿದರು. ಶರಣಪ್ಪ ಕಣ್ಣು ಮುಚ್ಚಿಕೊಂಡರು.

ಗ್ರೀಕ್ ಎರಡೂ ಗ್ಲಾಸು ನೋಡಿ, ತುರ್ಕಿಯವನದರಲ್ಲಿ ಜಾಸ್ತಿ ಇದೆ ಎಂದ. ಚಾಚಾ ಸ್ವಲ್ಪ ತೆಗೆದು ಇತ್ತ ಹಾಕಿದರು. ಈಗ ಗ್ರೀಕನದರಲ್ಲಿ ಜಾಸ್ತಿ ಎಂದ ತುರ್ಕಿಯವನು. ಮತ್ತೆ ಅತ್ತ ಹಾಕಿದರು. ಇಬ್ಬರೂ ಒಟ್ಟಿಗೆ ತಲೆಯಾಡಿಸಿ, ಈ ಮುದುಕನಿಗೆ ಹಂಚಲು ಬರುವುದಿಲ್ಲ ಎಂದರು. ಅನುವಾದಿಸಿದೆ.

“ನನ್ನ ಬೈಲಾಕ ಇಬ್ಬರೂ ಒಂದಾಗ್ಯಾರಂದ್ರ ಮತ್ತ ಜಗಳ ಎಲ್ಲದರೀ?” ಎಂದರು ಚಾಚಾ.

ಯಂತ್ರ ಸಂಜೆಗೆ ತಿರುಗಿತು. ಆರ್ಡರ್ ಬಂತು. ಸೈಪ್ರಸ್ ಈಗಲೂ ಎರಡು ಭಾಗವಾಗಿಯೇ ಇದೆ.