ನಿದ್ದೆಯಲ್ಲಿ ದಾಟಿದ ಸೀಮೆ

ಅಮೆರಿಕದ ಸನ್ನಿವೇಲಿನಲ್ಲಿ ನಮ್ಮ ಪಕ್ಕದ ಅಪಾರ್ಟ್‌ಮೆಂಟಿನಲ್ಲಿ ಧಾರವಾಡದ ಕಾಕಾ ಒಬ್ಬರಿದ್ದರು. ಪ್ರತಿ ವಿಜಯದಶಮಿಗೆ ಕರಿಟೋಪಿ ಧರಿಸಿ, ಊರು ಮುಗಿಯುವ ಬೋರ್ಡಿನಾಚೆ ಬಲಗಾಲಿಟ್ಟು ಸೀಮೋಲ್ಲಂಘನ ಮಾಡುತ್ತಿದ್ದರು. ಬನ್ನಿ ಸಿಗದ ಊರಾದ್ದರಿಂದ ಸಿಕ್ಕ ಎಲೆಯನ್ನೇ ಬಂಗಾರವೆಂದು ಹಂಚುತ್ತಿದ್ದರು. "ದಾಟಿದ್ರ ದಾಟಿದ್ಹಂಗ ಇರಬೇಕು" ಎನ್ನುವುದು ಅವರ ಮಾತು.

ಒಂದು ವರ್ಷ ಯುರೋಪ್ ಪ್ರವಾಸಕ್ಕೆ ಹೋದಾಗ, ಅದೇ ಹಬ್ಬದ ದಿನ ಎರಡೂ ಮನೆಯವರು ಇಟಲಿಯಿಂದ ಆಸ್ಟ್ರಿಯಾಕ್ಕೆ ಕಾರಿನಲ್ಲಿ ಹೊರಟೆವು. ನಡುವೆ ಪರ್ವತದ ಕಣಿವೆದಾರಿ, ಅದರ ನೆತ್ತಿಯಲ್ಲೇ ಗಡಿ. ನಿಜವಾದ ದೇಶದ ಸೀಮೆ ದಾಟುವ ಸಂಭ್ರಮಕ್ಕೆ ಕಾಕಾ ಹಿಂದಿನ ರಾತ್ರಿ ನಿದ್ದೆ ಮಾಡಿರಲಿಲ್ಲ. ಕಾರಿನಲ್ಲಿ ಮಾಡಿದರು.

"ಘಟ್ಟ ಯಾವಾಗ ಬರ್ತದೋ?" ಎನ್ನುತ್ತ ಎದ್ದರು.

"ಆಗ್ಲೇ ದಾಟಿಬಿಟ್ವಿ ಕಾಕಾ. ತುಂಬಾ ತಗ್ಗು, ಗೊತ್ತೇ ಆಗ್ಲಿಲ್ಲ" ಎಂದೆ.

"ಗೊರಕಿ ಹೊಡಕೋತ ರಾಜ್ಯ ಗೆದ್ರಿ ನೋಡ್ರಿ" ಎಂದರು ಅವರ ಹೆಂಡತಿ.

"ಗಾಡಿ ತಿರುಗಸು!"

ತಿರುಗಿಸಿ, ಗಡಿಯ ಈಚೆಗೇ ನಿಲ್ಲಿಸಿದೆ. ಕಾಕಾ ಇಟಲಿಯವರೆಗೆ ನಡೆದುಹೋಗಿ, ಟೋಪಿ ಸರಿಮಾಡಿಕೊಂಡು, ಗಡಿಕಲ್ಲು ದಾಟಿ ಬಲಗಾಲಿಟ್ಟು ಆಸ್ಟ್ರಿಯಾವನ್ನು ಪ್ರವೇಶಿಸಿದರು. ಎದುರಿಗೆ ನಾಯಿ ಹಿಡಿದುಕೊಂಡು ಬಂದ ಆ ದೇಶದ ಅಜ್ಜಿಗೆ ಎಲೆಯೊಂದನ್ನು ಕೊಟ್ಟು, "ಬಂಗಾರದಂಗ ಇರೋಣ್ರಿ" ಎಂದರು. ಅಜ್ಜಿ ಎಲೆಯನ್ನು ನೋಡಿದರು. ಬೇಲಿಯಿಂದ ಇನ್ನೊಂದು ಕಿತ್ತು, ಅಷ್ಟೇ ಗಂಭೀರವಾಗಿ ಕಾಕಾನ ಕೈಗಿಟ್ಟರು.

ಕಾಕಾ ಅದನ್ನು ಟೋಪಿಯೊಳಗಿಟ್ಟು ತಲೆಗೇರಿಸಿಕೊಂಡರು.

"ಈಗ ದಾಟಿದ್ಹಂಗಾತು."