ಬೇಲಿಯಾಚೆಯ ಫಸ್ಟ್ ಬೇಸ್

ಪರದೇಶದ ಈ ಲೋವರ್ ಹಟ್ ಊರಿನಲ್ಲಿ ನಮ್ಮ ಪಕ್ಕದ ಮನೆಯವರು ಅಮೆರಿಕದ ಒಬ್ಬ ಮುದುಕರು. ಐವತ್ತರ ದಶಕದಲ್ಲಿ ಬೇಸ್‌ಬಾಲ್ ಆಡಿ ಹೊಟ್ಟೆ ಹೊರೆದವರು, ಆಮೇಲೆ ಇಲ್ಲಿನ ನರ್ಸ್ ಒಬ್ಬರನ್ನು ಮದುವೆಯಾಗಿ ಬಂದವರು. ನಾನೋ ಕ್ರಿಕೆಟ್ ಬಿಟ್ಟು ಬೇರೇನೂ ಗೊತ್ತಿಲ್ಲದ ಮೈಸೂರಿನವಳು. ಫಸ್ಟ್ ಬೇಸ್‌ಮನ್ ಅಂದರೆ ಏನು ಕೆಲಸ ಅಂತ ಕೇಳಿದ್ದೇ ತಡ, ಬೇಸಿಗೆ ಪೂರ್ತಿ ಪಾಠ ಹೇಳಿದರು. ನೆಲದ ಬಿಳಿ ಚೌಕದ ಮೇಲೆ ಒಂದು ಕಾಲು ಊರಿ, ಮೈ ಚಾಚಿ, ಗೆಳೆಯರು ಎಸೆದ ಚೆಂಡನ್ನು ಹಿಡಿಯಬೇಕು; ಓಡಿ ಬರುವ ಎದುರಾಳಿ ಅಷ್ಟರಲ್ಲಿ ಚೌಕ ಮುಟ್ಟದಿದ್ದರೆ ಅವನು ಔಟ್. ಕಾಲು ಎದ್ದರೆ ಹಿಡಿದದ್ದೂ ದಂಡ.

ವರ್ಷಗಟ್ಟಲೆ ಸಣ್ಣ ಊರುಗಳ ತಂಡಗಳಲ್ಲಿ ಬಸ್ಸಿನಲ್ಲೇ ನಿದ್ದೆ ಮಾಡಿಕೊಂಡು ಆಡಿದವರಿಗೆ ದೊಡ್ಡ ತಂಡ ಸಿಕ್ಕಿದ್ದು ಒಂದೇ ಬೇಸಿಗೆ. ಜೊತೆಗೆ ಜೀವದ ಗೆಳೆಯನೂ ಇದ್ದ. ಕೊನೆಯ ಪಂದ್ಯದಲ್ಲಿ ಅವನು ಎಸೆದ, ಇವರು ಹಿಡಿದರು, ಕಾಲು ಎದ್ದಿತ್ತು. ಎಸೆತವೇ ಸರಿಯಿರಲಿಲ್ಲ ಎಂದು ಎಲ್ಲರೂ ಗೆಳೆಯನನ್ನೇ ಬೈದರು. ಇಬ್ಬರೂ ಮತ್ತೆ ಸಣ್ಣ ಊರುಗಳಿಗೆ ಹೋದರು. ಗೆಳೆಯ ಸತ್ತು ಎಷ್ಟೋ ಕಾಲವಾಗಿತ್ತು.

ಆದರೂ ಮುದುಕರು ದಿನಾ ಸಂಜೆ ಹಿತ್ತಿಲಲ್ಲಿ ಮರದ ಚೌಕಕ್ಕೆ ಕಾಲು ಊರಿ, ಚರ್ಮದ ಕೈಗವಸು ಚಾಚಿ ನಿಲ್ಲುತ್ತಿದ್ದರು. ಎದುರಿಗೆ ಯಾರೂ ಇರುತ್ತಿರಲಿಲ್ಲ. ಥಪ್ ಎಂದು ಸದ್ದು ಮಾತ್ರ ಬರುತ್ತಿತ್ತು. ಬಟ್ಟೆ ಒಣಹಾಕುತ್ತಿದ್ದ ನನ್ನ ಕೈ ಹಾಗೇ ನಿಂತುಬಿಡುತ್ತಿತ್ತು. ಚೆಂಡು ಎಲ್ಲಿ? ಅವರು ತಮ್ಮ ಕಾಲು ನೋಡಿಕೊಂಡು, "ಮತ್ತೆ ಎದ್ದಿತು" ಎನ್ನುತ್ತಿದ್ದರು. ನನಗೆ ನಿಜವಾಗಿ ಭಯವಾಗುತ್ತಿತ್ತು.

ಆ ವರ್ಷ ಮಹಾಲಯ ಅಮಾವಾಸ್ಯೆಗೆ ಅತ್ತೆ ನಮ್ಮಲ್ಲೇ ಇದ್ದರು. ಮಾವ ತೀರಿಕೊಂಡ ಮೇಲೆ ಬಂದ ಮೊದಲ ಮಹಾಲಯ. ಎಳ್ಳು ಕಲಸಿದ ಅನ್ನದ ಉಂಡೆಯನ್ನು ಬೇಲಿಯ ಕಂಬದ ಮೇಲಿಟ್ಟು ಕಾ ಕಾ ಎಂದು ಕೂಗಿದ್ದೇ ಕೂಗಿದ್ದು.

"ಅತ್ತೆ, ಈ ಊರಲ್ಲಿ ಕಾಗೆನೇ ಇಲ್ಲ!"

"ಸುಮ್ನಿರೇ. ಯಾವ್ದಾದ್ರೂ ರೂಪದಲ್ಲಿ ಬರ್ತಾರೆ."

ಸಂಜೆಯಾದರೂ ಉಂಡೆ ಹಾಗೇ ಇತ್ತು. ಸೀಗಲ್ ಎಂಬ ಕಡಲಹಕ್ಕಿಗಳು ಮೇಲೆ ಸುತ್ತುತ್ತಿದ್ದವು, ಇಳಿಯಲೊಲ್ಲವು. ಮುದುಕರು ಕೈಗವಸು ಹಾಕಿಕೊಂಡು ಹೊರಬಂದರು. ಮಾರನೆಯ ದಿನ ಅವರ ಮಗಳು ಅವರನ್ನು ದೂರದ ನೆಲ್ಸನ್ ಊರಿನ ವೃದ್ಧಾಶ್ರಮಕ್ಕೆ ಕರೆದೊಯ್ಯುವವಳಿದ್ದಳು.

"ನಾನು ಅಲ್ಲಿಗೆ ಹೋದದ್ದು ನನ್ನ ಗೆಳೆಯನಿಗೆ ಹೇಗೆ ಗೊತ್ತಾಗಬೇಕು?" ಎಂದರು. "ಎಸೆತ ಚೆನ್ನಾಗಿತ್ತು ಅಂತ ಒಂದು ಸಲವಾದರೂ ತೋರಿಸಬೇಕು."

ನಾನು ಅದನ್ನು ಕನ್ನಡದಲ್ಲಿ ಹೇಳಿದೆ. ಅತ್ತೆ ಕಣ್ಣೊರೆಸಿಕೊಂಡರು. ನಾನು ಅವರ ಕಡೆ ತಿರುಗಿದ್ದಾಗಲೇ ಸದ್ದು ಬಂತು. ಈ ಸಲ ಮೆತ್ತಗಿತ್ತು.

ನೋಡಿದರೆ ಕಂಬ ಖಾಲಿ. ಮುದುಕರು ಉದ್ದಕ್ಕೂ ಚಾಚಿದ ಕೈಯನ್ನು ಮಡಚದೆ, ಮೊದಲು ಕಾಲು ನೋಡಿಕೊಂಡರು. ಕಾಲು ಚೌಕದ ಮೇಲೇ ಇತ್ತು. ಕೈಗವಸಿನೊಳಗೆ ಅನ್ನದ ಉಂಡೆ, ಒಂದಗುಳೂ ಉದುರದೆ ಕೂತಿತ್ತು. ಅಯ್ಯೋ ದೇವರೇ, ಸೀಗಲ್ ಎತ್ತಿ ಬೀಳಿಸಿತೋ ಏನೋ, ನಾನಂತೂ ನೋಡಲಿಲ್ಲ.

"ನೋಡಿದಿರಾ?" ಎಂದು ಕೈಗವಸನ್ನು ನನ್ನತ್ತ ಹಿಡಿದರು. "ಔಟ್ ತಾನೇ?"

ಅವರ ಆಟದಲ್ಲಿ ಔಟ್‌ಗೆ ಮುಷ್ಟಿ ಎತ್ತುತ್ತಾರಂತೆ, ಪಾಠದಲ್ಲಿ ಹೇಳಿಕೊಟ್ಟಿದ್ದರು. ನಾನು ಅಭ್ಯಾಸಬಲದಿಂದ ಕ್ರಿಕೆಟ್ ಅಂಪೈರ್‌ನಂತೆ ಒಂದು ಬೆರಳು ಎತ್ತಿದೆ. ಅವರಿಗೆ ಅಷ್ಟೇ ಸಾಕಾಯಿತು. ಉಂಡೆಯನ್ನು ಎದೆಗೊತ್ತಿಕೊಂಡು ಅತ್ತರು.

"ಮಾವ ಬಂದಿದ್ರು ಅಂತೀರಾ ಅತ್ತೆ?" ಎಂದೆ.

ಅತ್ತೆ ಖಾಲಿ ಕಂಬವನ್ನೇ ನೋಡುತ್ತಿದ್ದರು.

"ನಿಮ್ಮಾವಂಗೆ ಜನ್ಮದಲ್ಲಿ ಒಂದು ಕಲ್ಲು ನೆಟ್ಟಗೆ ಎಸೆಯಕ್ಕೆ ಬರ್ತಿರ್ಲಿಲ್ಲ ಕಣೇ," ಎಂದರು. "ಇದನ್ನ ಎಸೆದೋರು ಅವರಲ್ಲ."