ಟ್ರಾಮಿನಲ್ಲಿ ಕಂಡ ಹೋಲ್‌ಸ್ಟರ್

ಜರ್ಮನಿಯ ಡಾರ್ಮ್‌ಸ್ಟಾಟ್‌ನ ಟ್ರಾಮಿನಲ್ಲಿ ಎದುರು ಕೂತಿದ್ದ ಹಿರಿಯರೊಬ್ಬರ ಸೊಂಟದಲ್ಲಿ ಪಿಸ್ತೂಲು ಇಡುವ ಕಪ್ಪು ಪ್ಲಾಸ್ಟಿಕ್ ಹೋಲ್‌ಸ್ಟರ್ ಕಂಡಿತು. ಅವರು ತಟ್ಟನೆ ಅದಕ್ಕೆ ಕೈ ಹಾಕಿದರು. ನಾನು ಮಗಳನ್ನು ಹತ್ತಿರ ಎಳೆದುಕೊಂಡು "ಅಯ್ಯೋ!" ಎಂದು ಚೀರಿಬಿಟ್ಟೆ.

ಹೊರಬಂದದ್ದು ಆಸ್ತಮಾದ ಇನ್‌ಹೇಲರ್. ಪಕ್ಕದಲ್ಲಿ ಏದುಸಿರು ಬಿಡುತ್ತಿದ್ದ ಹೆಂಡತಿಯ ಬಾಯಿಗೆ ಅದನ್ನು ಹಿಡಿದರು. ಆಕೆಯ ಉಸಿರು ನಿಧಾನವಾಗಿ ಹದಕ್ಕೆ ಬಂತು. ನಾನು ಕ್ಷಮೆ ಕೇಳಿದೆ.

ಅವರು ಪಾರ್ಶ್ವವಾಯುವಿನಿಂದ ಸೋತ ಎಡಗೈ ತೋರಿಸಿ ಜರ್ಮನ್‌ನಲ್ಲಿ ಹೇಳಿದರು: "ಅಂಗಡಿಯಲ್ಲಿ ಇದ್ದುದರಲ್ಲೇ ಅಗ್ಗದ್ದು ಈ ಹೋಲ್‌ಸ್ಟರ್. ಬೆಲ್ಟಿಗೆ ಪೋಣಿಸುವ ಗೋಜಿಲ್ಲ, ಪ್ಯಾಂಟಿನ ಅಂಚಿಗೆ ಒಂದೇ ಕೈಯಲ್ಲಿ ಸಿಕ್ಕಿಸಬಹುದು. ಜೇಬಿನಲ್ಲಿ ಹುಡುಕುತ್ತಾ ಕೂತರೆ ಇವಳು ತಡೆಯೋದಿಲ್ಲ."

ನಾನು ವೈದ್ಯೆ. ಹೋಲ್‌ಸ್ಟರ್ ಕಂಡ ನನ್ನ ಕಣ್ಣಿಗೆ ಅದರ ಪಕ್ಕದಲ್ಲೇ ಉಸಿರಿಗಾಗಿ ಒದ್ದಾಡುತ್ತಿದ್ದ ಆಕೆ ಕಾಣಲಿಲ್ಲವಲ್ಲ ಎಂದು ಇವತ್ತಿಗೂ ನಾಚಿಕೆಯಾಗುತ್ತದೆ.